ಬೆಸುಗೆಯ ಮೇಲಿನ ಕೈ

ನಮ್ಮ ಯಜಮಾನರಿಗೆ ಒಂದು ಕೆಟ್ಟ ಅಭ್ಯಾಸವಿತ್ತು. ಕುಡಿತವಲ್ಲ, ಇಸ್ಪೀಟಲ್ಲ, ಅವಾಗಿದ್ದರೆ ಬೈದು ಬಿಡಿಸಬಹುದಿತ್ತು. ತಾವು ವೆಲ್ಡಿಂಗ್ ಮಾಡಿದ ಟ್ಯಾಂಕಿಗೆ ಒತ್ತಡ ಕೊಟ್ಟು ಪರೀಕ್ಷೆ ಮಾಡುವಾಗ ಅದರ ಪಕ್ಕಕ್ಕೇ ಹೋಗಿ ನಿಂತು, ಜಾಯಿಂಟಿನ ಮೇಲೆ ಅಂಗೈ ಇಟ್ಟುಕೊಳ್ಳುತ್ತಿದ್ದರು. ಉಳಿದವರೆಲ್ಲ ನೆಲದ ಮೇಲಿನ ಸುಣ್ಣದ ಗೆರೆ ದಾಟುವಂತಿರಲಿಲ್ಲ. ಅವರೊಬ್ಬರಿಗೆ ಆ ಗೆರೆ ಕಣ್ಣಿಗೇ ಬೀಳುತ್ತಿರಲಿಲ್ಲ.

ಹುಡುಗನಾಗಿದ್ದಾಗ ಅವರಿಗೆ ಕೆಲಸ ಹೇಳಿಕೊಟ್ಟ ಭದ್ರಾವತಿಯ ಹಳೆಯ ಮೇಸ್ತ್ರಿಯೊಬ್ಬರಿಂದ ಬಂದದ್ದಂತೆ ಇದು. ತನ್ನ ವೆಲ್ಡಿಂಗಿನ ಪಕ್ಕದಲ್ಲಿ ತಾನೇ ನಿಲ್ಲಲು ಹೆದರುವವನು ಅದನ್ನು ಇನ್ನೊಬ್ಬರ ಊರಿಗೆ ಕಳಿಸಬಾರದು ಅನ್ನುವುದು ಮೇಸ್ತ್ರಿಯ ಹಠ. ಅವರು ತೀರಿಹೋದರೂ ಹಠ ನಮ್ಮ ಮನೆಗೆ ಬಂದು ಸೇರಿಕೊಂಡಿತು. ನೋಡನೋಡುತ್ತ ಅದು ಮರ್ಯಾದೆಯ ಪ್ರಶ್ನೆಯೂ ಆಯಿತು. ಭದ್ರಾವತಿಯಲ್ಲಿ ನಮ್ಮ ಶೆಡ್ಡಿಗೆ ಕೆಲಸ ಕೊಡುವವರು 'ಅವನು ಕೈ ಇಟ್ಟು ಕೊಡ್ತಾನಪ್ಪ' ಎಂದೇ ಮಾತಾಡುತ್ತಿದ್ದರು. ಆ ಮಾತು ಕೇಳಿದಾಗಲೆಲ್ಲ ಅವರ ಮುಖ ಅರಳುತ್ತಿತ್ತು, ನಾನು ಆ ಗೆರೆಗೆ ಇನ್ನೊಂದು ಸಲ ಸುಣ್ಣ ಬಳಿಸುತ್ತಿದ್ದೆ.

ಮನೆ ಶಿವಮೊಗ್ಗದ ದುರ್ಗಿಗುಡಿಯಲ್ಲಿ, ಶೆಡ್ಡು ಭದ್ರಾವತಿಯಲ್ಲಿ. ಬೆಳಿಗ್ಗೆ ತಿಂಡಿ ಮುಗಿಸಿ ಇಬ್ಬರೂ ಒಟ್ಟಿಗೇ ಹೊರಡುತ್ತೇವೆ. ಬೆಂಕಿಯ ಕೆಲಸ ಅವರದ್ದು. ಮೆಕ್ಯಾನಿಕಲ್ ಡಿಪ್ಲೊಮಾ ಮಾಡಿರುವ ನನಗೆ ಡ್ರಾಯಿಂಗು, ಸಾಮಾನು ತರಿಸುವುದು, ಪರೀಕ್ಷೆಯ ದಿನ ಒತ್ತಡ ತೋರಿಸುವ ಗೇಜಿನ ಮುಂದೆ ನಿಂತು ಮುಳ್ಳು ನೋಡುವುದು. ಅಡಿಕೆ ಬೇಯಿಸುವ ಹಂಡೆ, ಅಕ್ಕಿ ಗಿರಣಿಯ ಟ್ಯಾಂಕು, ನವುಲೆ ಕಡೆಯ ಹಾಸ್ಟೆಲುಗಳಿಗೆ ಬಿಸಿನೀರಿನ ಡ್ರಮ್ಮು, ಇವೇ ನಮ್ಮ ಮಾಮೂಲು ಕೆಲಸ.

ಈಚೆಗೆ ಒಂದು ಬೇರೆಯೇ ಕೆಲಸ ಬಂತು. ಉತ್ತರದ ಹಿಮದ ಬೆಟ್ಟಗಳ ನಡುವೆ ನೆಲ ಕೊರೆದು, ಒಳಗಿನ ಶಾಖದಿಂದ ಕರೆಂಟು ತೆಗೆಯುವ ಪ್ರಯೋಗವಂತೆ. ಕೊರೆದ ಬಾವಿಯಿಂದ ಉಗಿ, ಕುದಿನೀರು ಎರಡೂ ಕಲೆತು ನುಗ್ಗಿ ಬರುತ್ತವೆ. ನೀರು ಸೇರಿದ ಉಗಿಯನ್ನು ಹಾಗೆಯೇ ಬಿಟ್ಟರೆ ಟರ್ಬೈನಿನ ರೆಕ್ಕೆಗಳು ಹಾಳಾಗುತ್ತವೆ. ಆದ್ದರಿಂದ ಎರಡನ್ನೂ ಮೊದಲು ಬೇರೆ ಮಾಡಬೇಕು. ಒಣ ಉಗಿ ಟರ್ಬೈನು ತಿರುಗಿಸುವುದಕ್ಕೆ, ನೀರು ವಾಪಸ್ ನೆಲದೊಳಕ್ಕೆ. ಹಾಗೆ ಬೇರೆ ಮಾಡುವ ಎತ್ತರದ ಉಕ್ಕಿನ ಪಾತ್ರೆಯನ್ನು ನಾವು ಮಾಡಬೇಕಿತ್ತು. ಡ್ರಾಯಿಂಗಿನಲ್ಲಿ ಅದಕ್ಕೆ ಸೆಪರೇಟರ್ ಎಂಬ ಹೆಸರಿತ್ತು. ನಮ್ಮವರು ನೋಡಿದ ತಕ್ಷಣ ಹಂಡೆ ಅಂದರು, ಅಲ್ಲಿಗೆ ನಾಮಕರಣ ಮುಗಿಯಿತು.

ನೆಲದೊಳಗೆ ಒಲೆ ಹಚ್ಚಿದವರು ಯಾರು ಎಂದು ದುರ್ಗಿಗುಡಿಯ ಪಕ್ಕದ ಮನೆಯಾಕೆ ನನ್ನನ್ನು ರೇಗಿಸಿದರು. ಜೋಗದಲ್ಲಿ ನೀರು ಬಿದ್ದರೆ ಕರೆಂಟು, ಅಲ್ಲಿ ನೀರು ಎದ್ದರೆ ಕರೆಂಟು, ಅಷ್ಟೇ ವ್ಯತ್ಯಾಸ ಎಂದೆ. ಮಳೆ ಬೇಡ, ಬಿಸಿಲು ಬೇಡ, ಹಗಲು ರಾತ್ರಿ ಒಂದೇ ಸಮನೆ ಬರುತ್ತದೆ ಎಂದು ಸ್ವಲ್ಪ ಜಂಬದಿಂದಲೇ ಹೇಳಿದೆ. ನಮ್ಮ ಹಂಡೆ ಅಷ್ಟು ದೂರ ಹೋಗಿ ಯಾರದೋ ಮನೆಗೆ ದೀಪ ಹಚ್ಚುತ್ತದೆ ಅನ್ನುವುದು ನನಗೂ ಖುಷಿಯ ವಿಷಯವೇ ಆಗಿತ್ತು.

ಪರೀಕ್ಷೆಯ ದಿನ ಆ ಕಂಪನಿಯ ಇಂಜಿನಿಯರ್ ಬಂದರು. ಇಂಥ ಪರೀಕ್ಷೆಯನ್ನು ನೀರಿನಿಂದ ಮಾಡುತ್ತಾರೆ. ಪಾತ್ರೆಯ ತುಂಬ ನೀರು ತುಂಬಿಸಿ, ಕೈಪಂಪಿನಿಂದ ಇನ್ನಷ್ಟು ನೀರು ತುರುಕಿ ಒತ್ತಡ ಏರಿಸುವುದು. ನೀರೇ ಯಾಕೆ ಅಂದರೆ, ನೀರು ತುಂಬಿದ ಬಲೂನಿಗೆ ಸೂಜಿ ಚುಚ್ಚಿದರೆ ನೀರು ಸುರಿದುಹೋಗುತ್ತದೆ. ಗಾಳಿ ತುಂಬಿದ ಬಲೂನಾದರೆ ಚಿಂದಿಯಾಗುತ್ತದೆ. ಆದ್ದರಿಂದ ಒಳಗೆ ಗಾಳಿ ಉಳಿಯಬಾರದು. ಅದು ಹೊರಗೆ ಹೋಗಲೆಂದು ಪಾತ್ರೆಯ ನೆತ್ತಿಯ ಮೇಲೆ ಸಣ್ಣ ಪೈಪೊಂದು, ಅದಕ್ಕೊಂದು ವಾಲ್ವು ಇರುತ್ತದೆ. ಅಲ್ಲಿಂದ ನೀರು ಉಕ್ಕಿದ ಮೇಲೆ ವಾಲ್ವು ಮುಚ್ಚಬೇಕು.

ನಮ್ಮ ಶೆಡ್ಡಿನಲ್ಲಿ ಪೂಜೆಯಿಲ್ಲದೆ ಯಾವ ಪಾತ್ರೆಗೂ ನೀರು ಬಿಡುವುದಿಲ್ಲ. ಅರಿಶಿನ ಕುಂಕುಮ ಹಚ್ಚಿ, ಊದಿನಕಡ್ಡಿ ಬೆಳಗಿ, ಕಾಯಿ ಒಡೆದು, ಕೊನೆಗೆ ಪಾತ್ರೆಯ ತುತ್ತತುದಿಗೆ ನಿಂಬೆಹಣ್ಣು ಚುಚ್ಚುವುದು ಪದ್ಧತಿ. ಹಾಗೆ ಚುಚ್ಚಿದ ಹಣ್ಣನ್ನು ಅವತ್ತು ಯಾರೂ ಮುಟ್ಟುವುದಿಲ್ಲ. ಪೂಜೆ ಮಾಡುವವರು ನಮ್ಮಲ್ಲಿ ಪಂಪು ಒತ್ತುವ ಅಣ್ಣಾಚಿ. ಭದ್ರಾವತಿಯ ಉಕ್ಕಿನ ಕಾರ್ಖಾನೆಯಲ್ಲಿ ದುಡಿಯುತ್ತಿದ್ದ ಕಾಲದಿಂದ ಯಜಮಾನರ ಜೊತೆಗಿದ್ದವರು, ಮನೆಮಾತು ತಮಿಳು, ಭಕ್ತಿಯಲ್ಲಿ ನಮ್ಮೆಲ್ಲರಿಗಿಂತ ಮುಂದು. ಅವರು ಏಣಿ ಹತ್ತಿ, ಕಣ್ಣಿಗೊತ್ತಿಕೊಂಡು ಹಣ್ಣು ಚುಚ್ಚಿ ಇಳಿದರು. ನಾವೆಲ್ಲ ಕೆಳಗೆ ಕೈಮುಗಿದು ನಿಂತಿದ್ದೆವು. ಆಮೇಲೆ ಮೇಲಿನ ತೊಟ್ಟಿಯಿಂದ ಹಂಡೆಗೆ ನೀರು ಬಿಟ್ಟರು. ಬಹಳ ಹೊತ್ತು ಹರಿದು, ಇನ್ನು ಹಿಡಿಸುವುದಿಲ್ಲ ಎಂಬಂತೆ ನೀರು ನಿಂತಿತು. ಅಣ್ಣಾಚಿ ಮತ್ತೆ ಹತ್ತಿದರು, ನೆತ್ತಿ ಒದ್ದೆಯಾಗಿದೆ ಎಂದರು, ವಾಲ್ವು ಮುಚ್ಚಿ ಇಳಿದು ಬಂದರು.

ಯಜಮಾನರು ಗೆರೆ ದಾಟಿ ಹೋಗಿ ಜಾಯಿಂಟಿನ ಮೇಲೆ ಕೈ ಇಟ್ಟರು. ಇಂಜಿನಿಯರ್ ಹಿಂದೆ ಬರುವಂತೆ ಹೇಳಿ ನೋಡಿದರು. ಇವರು ನಕ್ಕು ಅಂಗೈಯನ್ನು ಇನ್ನಷ್ಟು ಒತ್ತಿದರು.

ಅಣ್ಣಾಚಿ ಪಂಪು ಒತ್ತತೊಡಗಿದರು. ತುಂಬಿದ ಪಾತ್ರೆಯಾದರೆ ಒಂದೊಂದು ಒತ್ತಿಗೂ ಮುಳ್ಳು ಛಂಗನೆ ಹಾರುತ್ತದೆ. ಅವತ್ತು ಅದು ಬಸುರಿ ಮೆಟ್ಟಿಲು ಹತ್ತಿದಂತೆ ಹತ್ತುತ್ತಿತ್ತು. ಎಲ್ಲೋ ಸೋರುತ್ತಿರಬೇಕು ಅಂದುಕೊಂಡೆ. ಯಜಮಾನರು ಹಂಡೆಯ ಸುತ್ತ ಕೈಯಾಡಿಸಿ, ಎಲ್ಲ ಒಣಗಿದೆ, ಹೊಡಿ ಅಣ್ಣಾಚಿ ಅಂದರು. ಅಣ್ಣಾಚಿಯ ಅಂಗಿ ಬೆನ್ನಿಗೆ ಅಂಟಿತ್ತು. ಮುಳ್ಳು ಅರ್ಧ ದಾಟಿತು, ಇನ್ನೂ ಏರಿತು.

ಲೆಕ್ಕ ಎಲ್ಲೋ ತಪ್ಪಿದೆ ಎಂದು ನನಗೆ ಹೊಳೆದದ್ದು ಆಗ. ನೀರು ಒಳಗೆ ಹೋಗುತ್ತಲೇ ಇದೆ, ಒಂದು ಹನಿಯೂ ಹೊರಗೆ ಬರುತ್ತಿಲ್ಲ. ಹಾಗಾದರೆ ಅಷ್ಟು ನೀರಿಗೆ ಒಳಗೆ ಜಾಗ ಎಲ್ಲಿಂದ ಬಂತು? ತಲೆಯೆತ್ತಿ ನೋಡಿದೆ. ಬೇರೆ ಟ್ಯಾಂಕುಗಳಿಗೆಲ್ಲ ತುತ್ತತುದಿಯೆಂದರೆ ಎತ್ತುವ ಕೊಂಡಿ. ಈ ಹಂಡೆಗೆ ತುತ್ತತುದಿಯೆಂದರೆ ಗಾಳಿ ಹೋಗುವ ಪೈಪೇ. ಅದರ ಬಾಯಿಗೆ ನಿಂಬೆಹಣ್ಣು ಬಿರಡೆಯಂತೆ ಕೂತಿತ್ತು. ಅಣ್ಣಾಚಿ ಕಂಡ ಒದ್ದೆ ಹಣ್ಣಿನ ರಸದ್ದು. ಹಂಡೆ ತುಂಬಿರಲೇ ಇಲ್ಲ. ಮೇಲಿನ ಭಾಗದಲ್ಲಿ ಸಿಕ್ಕಿಬಿದ್ದ ಗಾಳಿಯನ್ನು ನಾವು ಇಷ್ಟು ಹೊತ್ತು ಹಿಂಡುತ್ತಿದ್ದೆವು. ಆ ಗಾಳಿಯ ಪಕ್ಕದಲ್ಲಿ ನನ್ನ ಗಂಡ ಅಂಗೈ ಒತ್ತಿ ನಿಂತಿದ್ದರು.

ಪಂಪು ನಿಲ್ಲಿಸಲು ಹೇಳಿದೆ. ಒಳಗೆ ಗಾಳಿ ಉಳಿದಿದೆ, ಈ ಕಡೆ ಬನ್ನಿ ಎಂದು ಅವರನ್ನು ಕರೆದೆ. ಅವರು ಕದಲಲಿಲ್ಲ. ಇಂಜಿನಿಯರನ್ನು, ಕೆಲಸದವರನ್ನು ಒಮ್ಮೆ ನೋಡಿ ದನಿ ತಗ್ಗಿಸಿದರು.

"ಅರ್ಧಕ್ಕೆ ಕೈ ತೆಗ್ದು ಬಂದ್ರೆ ಏನಂದ್ಕೋತಾರೆ ಮಾರಾಯ್ತಿ? ನನ್ ವೆಲ್ಡಿಂಗ್ ಮೇಲೆ ನಂಗೇ ನಂಬ್ಕೆ ಇಲ್ಲ ಅಂತಾರೆ. ಒತ್ತಡ ಇಳ್ಸಿ, ನಾನು ಇಲ್ಲೇ ಇರ್ತೀನಿ."

ಇಳಿಸುವಾಗಲೂ ಹಂಡೆ ಸಿಡಿಯಬಹುದು ಎಂದು ಬಿಡಿಸಿ ಹೇಳುವಷ್ಟು ವ್ಯವಧಾನ ನನಗಿರಲಿಲ್ಲ. ಅವರ ಮರ್ಯಾದೆಯ ಮೇಲೆ ನನಗೆ ಬಂದ ಸಿಟ್ಟು ಇವತ್ತಿಗೂ ಪೂರ್ತಿ ಆರಿಲ್ಲ. ಗೇಜು ಬಿಟ್ಟು, ಗೆರೆ ದಾಟಿ, ನೇರ ಹೋಗಿ ಅವರ ಕೈಯ ಪಕ್ಕದಲ್ಲಿ ನನ್ನ ಕೈ ಇಟ್ಟೆ. ಬುದ್ಧಿ ಇದ್ದವರು ಮಾಡುವ ಕೆಲಸವಲ್ಲ, ಗೊತ್ತು. ಉಕ್ಕು ತಣ್ಣಗಿತ್ತು. ಹಿಂದಿನಿಂದ ಇಂಜಿನಿಯರ್ ಏನೋ ಕೂಗಿದರು.

"ನೀನ್ಯಾಕೆ ಬಂದೆ? ಹೋಗು ಆ ಕಡೆ."

"ನೀವು ಬಂದ್ರೆ ಬರ್ತೀನಿ."

ಅವರು ನನ್ನ ಮುಖ ನೋಡಲಿಲ್ಲ, ಕೈ ನೋಡಿದರು. ಆಮೇಲೆ ಜಾಯಿಂಟನ್ನು ನೋಡಿದರು. ಅದನ್ನು ಅವರೇ ಮಾಡಿದ್ದು, ಅದರ ಒಂದೊಂದು ಅಂಗುಲವೂ ಅವರಿಗೆ ಗೊತ್ತು. ಆದರೂ ಅವರ ಮುಖದ ಬಣ್ಣ ಇಳಿಯಿತು. ನನ್ನ ಮಣಿಕಟ್ಟು ಹಿಡಿದು ಹಂಡೆಯಿಂದ ಕಿತ್ತು, ಗೆರೆಯಾಚೆಗೆ ಎಳೆದುಕೊಂಡು ಬಂದರು. ಅಷ್ಟು ಬಿರುಸಾಗಿ ಅವರು ನನ್ನನ್ನು ಯಾವತ್ತೂ ಹಿಡಿದವರಲ್ಲ.

ಎಲ್ಲರೂ ಇನ್ನೂ ಹಿಂದಕ್ಕೆ ಸರಿದೆವು. ಪಂಪಿನ ಬುಡದ ವಾಲ್ವನ್ನು ಅಣ್ಣಾಚಿ ಚೂರೇ ಚೂರು ತಿರುಗಿಸಿ ಓಡಿ ಬಂದರು. ತುಂಬಿದ ಪಾತ್ರೆಯಾಗಿದ್ದರೆ ಮುಳ್ಳು ತಟ್ಟನೆ ಸೊನ್ನೆಗೆ ಬೀಳಬೇಕಿತ್ತು. ನಮ್ಮ ಹಂಡೆ ನೀರನ್ನು ಉಗಿಯುತ್ತಲೇ ಹೋಯಿತು, ಉಗಿಯುತ್ತಲೇ ಹೋಯಿತು. ಮುಳ್ಳು ಇಳಿದಿಳಿದು ಸೊನ್ನೆಯ ಪಕ್ಕದ ಕೊನೆಯ ಗೀಟಿನ ಹತ್ತಿರ ಬಂದ ಮೇಲೆ ಯಜಮಾನರು ಉದ್ದನೆಯ ಗಳಕ್ಕೆ ಕೊಕ್ಕೆ ಕಟ್ಟಿ, ದೂರದಿಂದಲೇ ನೆತ್ತಿಯ ವಾಲ್ವಿನ ಹಿಡಿಗೆ ಸಿಕ್ಕಿಸಿ ಎಳೆದರು. ನಿಂಬೆಹಣ್ಣು ಢಮ್ಮೆಂದು ಹಾರಿ ಮಾಡಿನ ತಗಡಿಗೆ ಬಡಿಯಿತು. ಆಮೇಲೆ ಗಾಳಿ ಸುಂಯ್ ಎಂದು ಬರುತ್ತಲೇ ಇತ್ತು. ಕೊನೆಯ ಗೀಟಿನಲ್ಲೇ ಇಷ್ಟಾದರೆ, ಪಂಪು ನಿಲ್ಲಿಸಿದಾಗ ಮುಳ್ಳಿದ್ದ ಜಾಗದಲ್ಲಿ ಏನಾಗುತ್ತಿತ್ತು ಎಂದು ಎಲ್ಲರಿಗೂ ಒಟ್ಟಿಗೇ ಹೊಳೆದಿರಬೇಕು. ಅಣ್ಣಾಚಿ ಅಲ್ಲೇ ಕುಕ್ಕರಗಾಲಲ್ಲಿ ಕೂತು ತಲೆ ಮೇಲೆ ಕೈ ಹೊತ್ತರು. ಅವರನ್ನು ಬೈಯುವಂತಿರಲಿಲ್ಲ. ಕೈಮುಗಿದು ನಿಂತವರೆಲ್ಲ ನಾವೇ ತಾನೇ.

ಎಲ್ಲರೂ ಟೀ ಕುಡಿದೆವು. ಹಂಡೆಗೆ ಮತ್ತೆ ನೀರು ಬಿಟ್ಟರು. ಈ ಸಲ ನೆತ್ತಿಯ ಪೈಪಿನಿಂದ ನೀರು ಧಾರೆಯಾಗಿ ಉಕ್ಕಿ, ಹಂಡೆಗೆ ಹಚ್ಚಿದ್ದ ಕುಂಕುಮವನ್ನೆಲ್ಲ ತೊಳೆದುಕೊಂಡು ಇಳಿಯಿತು. ವಾಲ್ವು ಮುಚ್ಚಿದೆವು. ಯಜಮಾನರು ಅಭ್ಯಾಸದಂತೆ ಹಂಡೆಯ ಕಡೆ ಹೊರಟರು. ಗೆರೆಯ ಹತ್ತಿರ ನಿಂತರು. ಹಿಂದೆ ತಿರುಗಿ ನನ್ನನ್ನು ನೋಡಿದರು. ನಾನೂ ಹಿಂದೆಯೇ ಹೊರಡುವವಳಂತೆ ಕಾಲಿನ ಚಪ್ಪಲಿ ಸರಿಮಾಡಿಕೊಂಡೆ. ಅವರು ವಾಪಸ್ ಬಂದು ನನ್ನ ಪಕ್ಕ ನಿಂತರು.

ಅಣ್ಣಾಚಿ ಪಂಪು ಒತ್ತಿದರು, ಮುಳ್ಳು ಛಂಗನೆ ಹಾರಿತು. ಆಗ ಯಜಮಾನರ ಕೈ ಬಂದು ನನ್ನ ಮಣಿಕಟ್ಟು ಹಿಡಿಯಿತು. ಮೊದಲು ನಾನೇ ನಡುಗುತ್ತಿದ್ದೇನೆ ಅಂದುಕೊಂಡೆ. ಅಲ್ಲ, ಅವರ ಕೈ. ಮುಳ್ಳು ಏರಿದಂತೆಲ್ಲ ಅದು ಚಳಿಜ್ವರ ಬಂದವರ ಕೈಯಂತೆ ನಡುಗುತ್ತಿತ್ತು. ಇಷ್ಟು ವರ್ಷ ಆ ಕೈಯನ್ನು ಗೆರೆಯಾಚೆಯಿಂದಲೇ ನೋಡಿದ್ದೆ. ಎಷ್ಟು ಧೈರ್ಯ, ಎಷ್ಟು ಕೊಬ್ಬು ಎಂದು ಒಳಗೊಳಗೇ ಬೈದುಕೊಂಡಿದ್ದೆ.

"ಯಾವಾಗ್ಲೂ ಹಿಂಗೇನಾ?" ಎಂದು ಮೆಲ್ಲಗೆ ಕೇಳಿದೆ.

ಅವರು ಹಂಡೆಯಿಂದ ಕಣ್ಣು ತೆಗೆಯಲಿಲ್ಲ. "ಮೊದಲ್ನೇ ದಿನದಿಂದ್ಲೂ," ಅಂದರು. "ಒತ್ತಿ ಹಿಡ್ಕೊಂಡ್ರೆ ಯಾರಿಗೂ ಗೊತ್ತಾಗಲ್ಲ."

ಮುಳ್ಳು ಮುಟ್ಟಬೇಕಾದ ಕಡೆ ಮುಟ್ಟಿ ನಿಂತಿತು. ಜಾಯಿಂಟು ಒಂದು ಹನಿ ಬೆವರಲಿಲ್ಲ. ಇಂಜಿನಿಯರ್ ಸಾಕು ಎನ್ನುವವರೆಗೂ ಅವರು ನನ್ನ ಕೈ ಬಿಡಲಿಲ್ಲ, ನಾನೂ ಬಿಡಿಸಿಕೊಳ್ಳಲಿಲ್ಲ.