ಜೈಲು ಕೊಳ್ಳಲು ಹೋದದ್ದು

ಬೆಳಗಿನ ತಂಪಿರುವಾಗಲೇ ನಮ್ಮೂರು ಪ್ಲೇನೋ ಬಿಟ್ಟೆವು. ಡಲ್ಲಾಸ್ ದಾಟಿ ಹೂಸ್ಟನ್ ಹೆದ್ದಾರಿಯಲ್ಲಿ ಅರ್ಧ ದಾರಿ ಹೋಗಿ, ಗ್ಯಾಸ್ ಸ್ಟೇಷನ್ನಿನ ನೆರಳಲ್ಲಿ ಹೆಂಡತಿ ಗಂಗಾ ಕಟ್ಟಿ ತಂದಿದ್ದ ಜೋಳದ ರೊಟ್ಟಿ, ಶೇಂಗಾ ಚಟ್ನಿ ತಿಂದೆವು. ದಾರಿಯಲ್ಲಿ ಕೊಂಡು ತಿನ್ನುವುದು ನನ್ನ ಪ್ರಕಾರ ದಂಡ. ಅಲ್ಲಿಂದ ಆಸ್ಟಿನ್ ರಸ್ತೆಗೆ ತಿರುಗಿದರೆ ಒಂದು ಸಣ್ಣ ಊರು. ಅಲ್ಲಿನ ಹಳೆಯ ಕೌಂಟಿ ಜೈಲು, ಅಂದರೆ ನಮ್ಮ ಕಡೆಯ ಜಿಲ್ಲಾ ಜೈಲಿನಂಥದು, ಮಾರಾಟಕ್ಕಿತ್ತು.

ಹೂಸ್ಟನ್ನಿನ ಮೋಟೆಲೊಂದರಲ್ಲಿ ಹಾಸಿಗೆ ಬದಲಿಸುತ್ತ ಮೇಲೆ ಬಂದವನು ನಾನು. ಈಗ ನಮ್ಮವೇ ಎರಡು ಮೋಟೆಲುಗಳಿವೆ. ಜೈಲನ್ನೂ ಮೋಟೆಲು ಮಾಡಿದರೆ ಸೆಲ್ಲಿನಲ್ಲಿ ಮಲಗುವ ಮೋಜಿಗೆ ಜನ ಮುಗಿಬೀಳುತ್ತಾರೆ ಎಂದು ನನ್ನ ಎಣಿಕೆ. ಗಂಗಾ ಒಪ್ಪಿರಲಿಲ್ಲ. ವ್ಯವಹಾರವೆಲ್ಲ ಇಬ್ಬರ ಹೆಸರಲ್ಲಿದ್ದುದರಿಂದ ಅವಳ ಸಹಿಯಿಲ್ಲದೆ ಕೊಳ್ಳುವಂತೆಯೂ ಇರಲಿಲ್ಲ.

ಬಾಗಿಲು ತೆರೆದವರು ಮಾಲೀಕರಾದ ಮಾರ್ಥಾ, ಹಿಂದೆ ಅಲ್ಲಿದ್ದ ಶೆರಿಫರೊಬ್ಬರ, ಅಂದರೆ ಕೌಂಟಿಯ ಪೊಲೀಸ್ ಮುಖ್ಯಸ್ಥರೊಬ್ಬರ, ವಯಸ್ಸಾದ ಮಗಳು. ಆಗ ಕೆಳಗೆ ಶೆರಿಫರ ಸಂಸಾರ, ಮೇಲೆ ಕೈದಿಗಳು, ಇಬ್ಬರಿಗೂ ಒಂದೇ ಒಲೆ. ಕಳೆದ ಶತಮಾನದ ಆರಂಭದ ಕಟ್ಟಡ. ಕೈದಿ ತಿದ್ದಿಕೊಳ್ಳಬೇಕಾದರೆ ಬೆಳಕು, ಗಾಳಿ ಬೇಕೆಂದು ಸುಧಾರಕರು ವಾದಿಸುತ್ತಿದ್ದ ಕಾಲ. ಅದಕ್ಕೇ ಪೂರ್ವಕ್ಕೆ ಸಾಲುಸಾಲು ಕಿಟಕಿ, ಹೆಂಗಸರಿಗೆ ಬೇರೆ ಕೋಣೆ. ಫೋನಿನ ದಿಕ್ಸೂಚಿ ಹಿಡಿದೆ. ಅಡುಗೆಮನೆ ಆಗ್ನೇಯಕ್ಕೇ ಇತ್ತು!

“ನಮ್ಮ ಮನೀಗೂ ಇಂಥ ವಾಸ್ತು ಇಲ್ಲ,” ಅಂದೆ.

“ವಾಸ್ತುದಿಂದ ಇಲ್ಲಿ ಯಾರು ಉದ್ಧಾರ ಆಗ್ಯಾರ?” ಅಂದಳು ಗಂಗಾ. “ಮೊದ್ಲ ಒಳಗ ಮಲಗಿ ನೋಡ್ರಿ.”

ಮೇಲಿನ ಸೆಲ್ಲೊಂದರ ಕಬ್ಬಿಣದ ಮಂಚದ ಮೇಲೆ ಮಲಗಿದೆ. ಸೆಲ್ಲುಗಳ ಎದುರಿನ ಓಣಿಯ ತುದಿಯಲ್ಲೊಂದು ಲಿವರ್ ಹಿಡಿಕೆ. ಎಳೆದರೆ ಎಲ್ಲ ಸೆಲ್ಲುಗಳ ಬಾಗಿಲೂ ಒಟ್ಟಿಗೆ ಮುಚ್ಚುತ್ತವೆ, ಕಾವಲುಗಾರ ಕೈದಿಯ ಹತ್ತಿರ ಸುಳಿಯಬೇಕಿಲ್ಲ ಎಂದು ಮಾರ್ಥಾ ವಿವರಿಸುತ್ತಿದ್ದರು. ಗಂಗಾ ಎಳೆದೇಬಿಟ್ಟಳು.

“ಏ, ತೆಗಿ!”

“ತೆಗೀತೀನಿ. ಈ ಸರಳಿನ ಪಂಜರ ಎಲ್ಲಾ ಕಿತ್ತಸ್ತೀರೇನು?”

“ಪಂಜರ ನೋಡಾಕ ಜನ ಬರೋದು! ಎರಡಾದ್ರೂ ಇರ್ಲಿ.”

“ಒಂದೂ ಇಲ್ಲ.”

“ಒಂದು. ಫೋಟೋಕ್ಕ.”

“ಚೌಕಾಸಿ ಹೊರಗಿದ್ದವ್ರು ಮಾಡೋದ್ರಿ. ನೀವು ಒಳಗ ಇದ್ದೀರಿ.”

ಭಾಷೆ ತಿಳಿಯದಿದ್ದರೂ ಮಾರ್ಥಾ ನಕ್ಕರು. ನಾನು ಎದ್ದು ಸರಳು ಹಿಡಿದೆ. ಬೆಳಕು ಧಾರಾಳವಾಗಿತ್ತು. ಆದರೆ ಸರಳಿಗೂ ಕಿಟಕಿಗೂ ನಡುವೆ ಕಾವಲಿನ ಓಣಿ. ಕತ್ತು ಎಷ್ಟು ಚಾಚಿದರೂ ಆಕಾಶವೇ. ಕೆಳಗಿನ ರಸ್ತೆ, ಮರ, ನನ್ನ ಕಾರು ಯಾವುದೂ ಕಾಣಲಿಲ್ಲ.

“ಆತು. ಎಲ್ಲಾ ಕಿತ್ತಸೋಣ,” ಅಂದೆ. ಗಂಗಾ ಲಿವರ್ ಹಿಂದಕ್ಕೆ ತಳ್ಳಿದಳು.

ಹಳೆ ಕಟ್ಟಡ ಕೊಳ್ಳುವವರಿಗೆ ನನ್ನ ಮಾತಿಷ್ಟೆ: ಛಾವಣಿ, ನಲ್ಲಿ ನೋಡಿದರೆ ಸಾಲದು. ಬಾಡಿಗೆಗೆ ಕೊಡುವ ಕೋಣೆಯಲ್ಲಿ ಮೊದಲು ನೀವು ಮಲಗಿ. ಬಾಗಿಲು ಬೇರೆಯವರ ಕೈಲಿರಲಿ.

ಗಂಗಾ ಕಾರಿನ ಬಾನೆಟ್ಟಿನ ಮೇಲೆ ಖರೀದಿಯ ಕಾಗದವಿಟ್ಟು ಸಹಿ ಹಾಕಿದಳು. ಮನೆ ಕಡೆಗೆ ಹೊರಡುವಾಗ ತಿರುಗಿ ನೋಡಿದೆ. ರಸ್ತೆಯಿಂದ ಆ ಕಿಟಕಿಗಳೆಲ್ಲ ಸ್ಪಷ್ಟವಾಗಿ ಕಾಣುತ್ತಿದ್ದವು.