ಬ್ಯಾಂಕಿನ ಗೋಡೆಗೆ ಹೊಡೆಯದ ಮೊಳೆ

ನಮ್ಮ ಮನೆಯ ಸಾಲ ತೀರಿತು! ಮೊದಲು ಇದನ್ನು ಹೇಳಿಬಿಡುತ್ತೇನೆ, ಮಿಕ್ಕ ಮಾತೆಲ್ಲ ಆಮೇಲೆ. ಇವತ್ತು ಬೆಳಿಗ್ಗೆ ನನ್ನ ಮಗ ಮಾದೇವ ಅರ್ಧ ದಿನ ರಜ ಹಾಕಿ, ಬ್ಯಾಂಕಿನಿಂದ ಮನೆಪತ್ರ ಬಿಡಿಸಿಕೊಂಡು ಬಂದು ನನ್ನ ಮಡಿಲಿಗೆ ಹಾಕಿದ. ಕುಂಬಾರಕೊಪ್ಪಲಿನ ಈ ಮನೆ ಹೊಸಿಲಿನಿಂದ ಹಿಡಿದು ಮಾಳಿಗೆ ಮೇಲಿನ ನೀರಿನ ಟ್ಯಾಂಕಿನ ಮುಚ್ಚಳದವರೆಗೆ ಈಗ ನಮ್ಮದು. ಅವನು ರಿಟೈರಾಗುವ ಮೊದಲು ಇದು ತೀರುತ್ತದೋ ಇಲ್ಲವೋ, ತೀರಿದರೂ ನೋಡುವುದಕ್ಕೆ ನಾನಿರುತ್ತೇನೋ ಇಲ್ಲವೋ ಎಂದು ಎಷ್ಟು ಕಾಲ ಜೀವ ಬಿಗಿಹಿಡಿದಿದ್ದೆ! ಅವನಿಗೆ ಇನ್ನೂ ಎರಡು ವರ್ಷ ಸರ್ವೀಸು ಉಳಿದಿದೆ, ನನಗೆ ಇನ್ನೂ ನಾಲ್ಕು ಹಲ್ಲು ಉಳಿದಿವೆ. ಇಬ್ಬರೂ ಗೆದ್ದೆವು.

ಪತ್ರವನ್ನು ಕೈಗೆತ್ತಿಕೊಂಡವಳೇ ಮೂಸಿ ನೋಡಿದೆ. ನುಸಿಗುಳಿಗೆಯ ವಾಸನೆ, ಜೊತೆಗೆ ಕಬ್ಬಿಣದ ಬೀರುವಿನ ವಾಸನೆ.

“ಯಾಕವ್ವ ಮೂಸ್ತೀಯ? ಅದೇನು ಹಲಸಿನ ಹಣ್ಣಾ?” ಎಂದ ಮಾದೇವ.

ನಗಲಿ ಬಿಡಿ. ಅಡವಿಟ್ಟ ವಸ್ತು ಮನೆಗೆ ವಾಪಸು ಬಂದಾಗ ಅದರ ವಾಸನೆಯೇ ಬೇರೆಯಾಗಿರುತ್ತದೆ. ಅದು ನನಗೆ ಗೊತ್ತು. ಅಗ್ರಹಾರದ ವಠಾರದಲ್ಲಿ ಬಾಡಿಗೆಗಿದ್ದ ಕಾಲದಲ್ಲಿ ನನ್ನ ನಾಲ್ಕು ಬಳೆ ನನ್ನ ಕೈಯಲ್ಲಿದ್ದದ್ದಕ್ಕಿಂತ ಹೆಚ್ಚಾಗಿ ಸಾಹುಕಾರರ ಪೆಟ್ಟಿಗೆಯಲ್ಲೇ ಇದ್ದವು. ನಮ್ಮ ಯಜಮಾನರು ಕಿರಾಣಿ ಅಂಗಡಿಯಲ್ಲಿ ಪೊಟ್ಟಣ ಕಟ್ಟುತ್ತಿದ್ದರು. ಮಗನ ಸ್ಕೂಲು ಶುರುವಾದರೆ ಬಳೆ ಹೋಗುತ್ತಿತ್ತು, ಹಬ್ಬದ ಹೊತ್ತಿಗೆ ಬರುತ್ತಿತ್ತು. ಸಾಹುಕಾರರು ಒಳ್ಳೆಯವರು. ಒಂದು ಬಳೆಯ ದುಡ್ಡು ಕಟ್ಟಿದರೆ ಒಂದು ಬಳೆ ಕೊಡುತ್ತಿದ್ದರು, ಎರಡರದ್ದು ಕಟ್ಟಿದರೆ ಎರಡು. ಒಂದು ಕೈಗೆ ಚಿನ್ನ, ಇನ್ನೊಂದು ಕೈಗೆ ಗಾಜು ಹಾಕಿಕೊಂಡು, ಚಿನ್ನದ ಕೈಯನ್ನೇ ಮುಂದೆ ಮಾಡಿ ನಾನು ಎಷ್ಟು ಮದುವೆಗಳಲ್ಲಿ ಕುಂಕುಮ ತೆಗೆದುಕೊಂಡಿದ್ದೇನೋ!

ಇದನ್ನು ಯಾಕೆ ಹೇಳುತ್ತಿದ್ದೇನೆಂದರೆ, ಅಡವು ಎಂದರೆ ಹೀಗೆ ಎಂದೇ ನಾನು ತಿಳಿದಿದ್ದೆ. ನಾನು ಓದಿದ್ದು ನಾಲ್ಕನೇ ಕ್ಲಾಸು. ಬಡ್ಡಿ ಲೆಕ್ಕ ಐದನೇ ಕ್ಲಾಸಿಗೆ ಬರುತ್ತಿತ್ತಂತೆ, ಅಷ್ಟರಲ್ಲಿ ನನ್ನನ್ನು ಬಿಡಿಸಿದರು.

ಯಜಮಾನರು ಹೋದ ಮೇಲೆ ಮಾದೇವ ಈ ಮನೆ ನೋಡಿದ. ಕೈಯಲ್ಲಿದ್ದದ್ದನ್ನೆಲ್ಲ ಸುರಿದರೂ ಸಾಲದೆ, ಬ್ಯಾಂಕಿನಲ್ಲಿ ಇಪ್ಪತ್ತು ಲಕ್ಷ ಸಾಲ ತೆಗೆದ. ಇಪ್ಪತ್ತು ವರ್ಷಕ್ಕೆ ತೀರಿಸಬೇಕು. ಮನೆಯನ್ನು ನೋಡಿಹೋಗಲು ಬ್ಯಾಂಕಿನಿಂದ ಚಿಕ್ಕ ವಯಸ್ಸಿನ ಒಬ್ಬ ಆಫೀಸರು ಬಂದರು. ಗೋಡೆ ತಟ್ಟಿದರು, ಟೇಪು ಹಿಡಿದರು. ಕಾಫಿ ಕೊಟ್ಟು ಕೇಳಿದೆ:

“ಅಲ್ಲಾ ಸ್ವಾಮಿ, ಮೊದಲು ಯಾವ ರೂಮು ಬಿಟ್ಟುಕೊಡ್ತೀರಿ?”

ಅವರು ಲೋಟ ಹಿಡಿದುಕೊಂಡು ನನ್ನನ್ನೇ ನೋಡಿದರು. ಆಮೇಲೆ ನಕ್ಕು, “ನಿಮಗೆ ಯಾವುದು ಬೇಕೋ ಅದು ಅಜ್ಜಿ. ಅಡುಗೆಮನೆ ತಗೊಳ್ಳಿ,” ಎಂದರು.

ಎಂಥಾ ಧರ್ಮಾತ್ಮ ಎಂದುಕೊಂಡೆ. ಆ ಮಾತನ್ನು ಗಂಟು ಹಾಕಿಟ್ಟುಕೊಂಡೆ.

ಅವತ್ತಿನಿಂದ ಮನೆಯಲ್ಲಿ ನನ್ನದೇ ಕಾನೂನು. ಕಂತು ಕಟ್ಟಿ ಬಿಡಿಸಿಕೊಂಡ ಭಾಗ ನಮ್ಮದು, ಮಿಕ್ಕದ್ದು ಬ್ಯಾಂಕಿನದು. ಇನ್ನೊಬ್ಬರ ಗೋಡೆಗೆ ಮೊಳೆ ಹೊಡೆಯಬಾರದು. ವಠಾರದಲ್ಲಿ ಕ್ಯಾಲೆಂಡರಿಗೆ ಒಂದು ಮೊಳೆ ಹೊಡೆದದ್ದಕ್ಕೆ ಮನೆ ಓನರು ಎಂಥ ರಂಪ ಮಾಡಿದ್ದರೆಂದು ನನಗೆ ನೆನಪಿತ್ತು. ಹಾಗಾಗಿ ನಡುಮನೆಯ ಗೋಡೆ ಬೋಳಾಗಿಯೇ ಇತ್ತು. ಯಜಮಾನರ ಫೋಟೋ ಅಡುಗೆಮನೆಯಲ್ಲಿ, ಸಾಸಿವೆ ಡಬ್ಬಿಯ ಮೇಲಿನ ಗೋಡೆಯಲ್ಲಿ. ಒಗ್ಗರಣೆ ಹಾಕಿದಾಗಲೆಲ್ಲ ಅವರ ಮುಖದ ಮೇಲೆ ಎಣ್ಣೆ ಹನಿ. ಬಂದವರು “ಯಾಕಮ್ಮ ಯಜಮಾನರನ್ನ ಇಲ್ಲಿಟ್ಟಿದೀರಿ?” ಎಂದು ಕೇಳಿದರೆ, “ಅವರಿಗೆ ಮೊದಲಿಂದಲೂ ಒಲೆ ಹತ್ತಿರ ಕೂತ್ಕೊಳ್ಳೋದೇ ಇಷ್ಟ” ಎನ್ನುತ್ತಿದ್ದೆ.

ಸೊಸೆ ರತ್ನ ಬಟ್ಟೆ ಹೊಲಿಯುತ್ತಾಳೆ, ಬಾಯಿಯೂ ಕತ್ತರಿಯಷ್ಟೇ ಚುರುಕು. “ಅತ್ತೆ, ನಾನು ಮಲಗೋ ರೂಮು ಯಾವತ್ತು ನಮ್ಮದಾಗುತ್ತೆ ಹೇಳ್ಬುಡಿ. ಅಲ್ಲೀವರೆಗೂ ಮ್ಯಾನೇಜರ್ ಪರ್ಮಿಷನ್ ತಗೊಂಡು ಮಲಗ್ತೀನಿ,” ಎನ್ನುತ್ತಿದ್ದಳು. ನಾನು ಬೇಸರ ಮಾಡಿಕೊಳ್ಳದೆ ಲೆಕ್ಕ ಹೇಳುತ್ತಿದ್ದೆ: ಅಡುಗೆಮನೆ ಬಂತು, ಬಚ್ಚಲು ಬಂತು, ದೇವರ ಕೋಣೆ ಇನ್ನೇನು ಬರುತ್ತೆ.

ಹತ್ತು ವರ್ಷ ತುಂಬಿದ ದಿನ ಒಬ್ಬಟ್ಟು ಮಾಡಿಸಿದೆ. ಇಪ್ಪತ್ತರಲ್ಲಿ ಹತ್ತು ಹೋದರೆ ಅರ್ಧ ತಾನೆ? ಅದಕ್ಕೆ ಐದನೇ ಕ್ಲಾಸು ಬೇಕಾಗಿಲ್ಲ. ಪಕ್ಕದ ಮನೆಯ ಗೌರಕ್ಕನನ್ನು ಕರೆದು, “ಅರ್ಧ ಮನೆ ನಮ್ಮದಾಯ್ತು ಕಣಮ್ಮ, ತಿನ್ನು,” ಎಂದೆ. ಗೌರಕ್ಕ ಎರಡು ಒಬ್ಬಟ್ಟು ಮುಗಿಸಿ, ಮೂರನೆಯದಕ್ಕೆ ತುಪ್ಪ ಹಾಕಿಸಿಕೊಂಡು, ಸಾವಕಾಶವಾಗಿ, “ಅಲ್ಲಾ, ನಮ್ಮ ಅಳಿಯ ಹೇಳ್ತಿದ್ದ, ಬ್ಯಾಂಕಿನೋರದ್ದು ಅಂಗಲ್ವಂತೆ ಕಣಮ್ಮ. ಒಂದ್ಸಲ ಕೇಳಿ ನೋಡು,” ಎಂದಳು. ಒಬ್ಬಟ್ಟು ತಿನ್ನುವ ಮೊದಲೇ ಹೇಳಬಹುದಿತ್ತು.

ಮೊಮ್ಮಗಳು ಚೈತ್ರಾ ಆಗ ಕಾಲೇಜಿಗೆ ಹೊಸದಾಗಿ ಸೇರಿದ್ದಳು, ಕಾಮರ್ಸು. ಅಪ್ಪನ ಮೊಬೈಲು ಇಸಿದುಕೊಂಡು ಬ್ಯಾಂಕಿನ ಲೆಕ್ಕ ತೆಗೆದಳು. ಮೇಲಿಂದ ಕೆಳಕ್ಕೆ ಉಜ್ಜಿದಳು, ಕೆಳಗಿಂದ ಮೇಲಕ್ಕೆ ಉಜ್ಜಿದಳು. ಆಮೇಲೆ ರಂಗೋಲಿ ಡಬ್ಬಿ ತಂದಳು.

“ಅಜ್ಜಿ, ಹಿತ್ತಲ ಬಾಗಿಲಿಂದ ಶುರು ಮಾಡೋಣ. ಇಲ್ಲಿಂದ ಎಷ್ಟು ಮನೆ ನಮ್ಮದಾಗಿದೆ ಅಂತ ಗೆರೆ ಎಳೀತೀನಿ.”

ನಾನು ನಡುಮನೆಯ ಮಧ್ಯಕ್ಕೆ ಹೋಗಿ, ಬಾ ಬಾ ಎಂದು ನಿಂತೆ. ಅವಳು ಬಚ್ಚಲು ದಾಟಿದಳು, ಅಡುಗೆಮನೆಗೆ ಬಂದಳು, ಅರ್ಧ ಅಡುಗೆಮನೆಯಲ್ಲೇ ಬಗ್ಗಿ ಗೆರೆ ಎಳೆದುಬಿಟ್ಟಳು. ಒಲೆ ನಮ್ಮ ಕಡೆ, ಸಿಂಕು ಆ ಕಡೆ.

“ಮುಂದಕ್ಕೆ ಬಾರೇ.”

“ಅಷ್ಟೇ ಅಜ್ಜಿ. ಕಾಲು ಭಾಗ. ಹತ್ತು ವರ್ಷದಲ್ಲಿ ಅಪ್ಪ ಇಪ್ಪತ್ತೊಂದು ಲಕ್ಷದ ಮೇಲೆ ಕಟ್ಟಿದಾರೆ. ಸಾಲ ಇಳಿದಿರೋದು ಐದು ಲಕ್ಷ.”

ರತ್ನ ಗೆರೆಯನ್ನು ನೋಡಿದಳು, ಸಿಂಕಿನಲ್ಲಿ ಬಿದ್ದಿದ್ದ ಒಬ್ಬಟ್ಟಿನ ತಟ್ಟೆಗಳನ್ನು ನೋಡಿದಳು. “ಸಿಂಕು ಬ್ಯಾಂಕಿಂದಾ? ಸರಿ, ಪಾತ್ರೆ ಅವರೇ ಬಂದು ತೊಳೀಲಿ,” ಎಂದು ಕೈ ಒರೆಸಿಕೊಂಡು ಹೊರಗೆ ಹೋದಳು. ನಾನು ನೋಡಿದ್ದು ಸಾಸಿವೆ ಡಬ್ಬಿಯನ್ನು. ಅದೂ ಗೆರೆಯಿಂದಾಚೆ. ಬದುಕಿದ್ದಷ್ಟು ದಿನ ಬ್ಯಾಂಕಿನ ಮೆಟ್ಟಿಲು ಹತ್ತದ ಯಜಮಾನರು, ಹೋದ ಮೇಲೆ ವರ್ಷಗಟ್ಟಲೆ ಬ್ಯಾಂಕಿನ ಗೋಡೆಯ ಮೇಲೆ ಕೂತಿದ್ದರು!

“ಮಿಕ್ಕ ದುಡ್ಡು ಎಲ್ಲಿ ಹೋಯಿತೇ?” ಎಂದೆ.

ಚೈತ್ರಾ ನೆಲದ ಮೇಲೆ ನನ್ನ ಪಕ್ಕ ಕೂತಳು. “ಪಂಕ್ತಿ ಅಂದ್ಕೋ ಅಜ್ಜಿ. ಪ್ರತಿ ತಿಂಗಳು ಅಪ್ಪ ಒಂದು ಅಡುಗೆ ಮಾಡಿಸ್ತಾರೆ, ಅದೇ ಕಂತು. ಮೊದಲನೇ ಪಂಕ್ತಿಗೆ ಬಡ್ಡಿ ಬಂದು ಕೂರುತ್ತೆ. ಹೊಟ್ಟೆ ತುಂಬ ತಿಂದು, ಪಾಯಸ ಎರಡು ಸಲ ಹಾಕಿಸ್ಕೊಂಡು ಏಳುತ್ತೆ. ಅಸಲಿಗೆ ಎರಡನೇ ಪಂಕ್ತಿ. ತಳದಲ್ಲಿ ಉಳಿದಿದ್ದು ಏನಿದೆಯೋ ಅಷ್ಟೇ. ಸಾಲ ದೊಡ್ಡದಾಗಿರೋ ಅಷ್ಟು ದಿನ ಬಡ್ಡಿಗೂ ಹಸಿವು ಜಾಸ್ತಿ. ಸಾಲ ಕರಗ್ತಾ ಬಂದ ಹಾಗೆ ಬಡ್ಡಿ ಕಡಿಮೆ ತಿನ್ನುತ್ತೆ, ಆವಾಗ ಅಸಲಿಗೂ ಪಾಯಸ ಸಿಗುತ್ತೆ.”

ನೋಡಿ, ಇಷ್ಟು ಚೆನ್ನಾಗಿ ಹೇಳಿದರೆ ಯಾರಿಗೆ ಅರ್ಥವಾಗುವುದಿಲ್ಲ? ಮೇಷ್ಟ್ರು ಹೀಗೆ ಹೇಳಿಕೊಟ್ಟಿದ್ದರೆ ನಾನು ಐದನೇ ಕ್ಲಾಸಿಗೆ ಜಗಳವಾಡಿಯಾದರೂ ಹೋಗುತ್ತಿದ್ದೆ. ಅವಳು ಇನ್ನೊಂದು ಮಾತನ್ನೂ ಹೇಳಿದಳು. ಕೊನೆಯವರೆಗೂ ಹೀಗೇ ಕಟ್ಟಿದರೆ, ತಂದದ್ದು ಇಪ್ಪತ್ತು, ಕೊಡುವುದು ನಲವತ್ತು ಲಕ್ಷವನ್ನೂ ದಾಟುತ್ತದೆ. ಅಂದರೆ ನಮಗೊಂದು ಮನೆ, ಬ್ಯಾಂಕಿಗೊಂದು ಮನೆ. ಅವರದ್ದಕ್ಕೆ ಮೇಲೊಂದು ರೂಮು ಬೇರೆ. ಇಷ್ಟು ದಿನ ಎರಡು ಮನೆ ಕಟ್ಟಿಸುತ್ತಿದ್ದೆವು, ಗೃಹಪ್ರವೇಶ ಮಾತ್ರ ಒಂದೇ ಆಗಿತ್ತು.

ಇಷ್ಟೂ ಹೊತ್ತು ಮಾದೇವ ಬಾಗಿಲಲ್ಲಿ ಒರಗಿ ನಿಂತಿದ್ದ. ಚೈತ್ರಾ ಮೊಬೈಲು ನೋಡುತ್ತಾ, “ಅಪ್ಪ, ಇಪ್ಪತ್ತು ವರ್ಷವೂ ಅಲ್ಲ ಈಗ. ಇನ್ನೂ ಒಂದೂವರೆ ವರ್ಷ ಹೆಚ್ಚಾಗಿದೆ,” ಎಂದಳು.

“ಅದೆಂಗೆ? ಬಡ್ಡಿ ಏರಿದಾಗ ಕಂತು ಹೆಚ್ಚು ಮಾಡ್ಲಿಲ್ಲವಲ್ಲ ಅವರು?”

“ಕಂತು ಹೆಚ್ಚು ಮಾಡ್ಲಿಲ್ಲ. ವರ್ಷ ಹೆಚ್ಚು ಮಾಡಿದ್ರು.”

ಬಡ್ಡಿ ಏರಿದ ಸುದ್ದಿ ಬಂದ ದಿನ, ಕಂತು ಏರಲಿಲ್ಲವೆಂದು ಅವನು ಮನೆಗೆ ಮೈಸೂರುಪಾಕು ತಂದಿದ್ದ. ನಾವೆಲ್ಲ ತಿಂದಿದ್ದೆವು. ಸಾಲ ತೆಗೆದಾಗ ಅವನಿಗೆ ನಲವತ್ತೆರಡು. ಕಾರ್ಖಾನೆಯಲ್ಲಿ ಅರವತ್ತಕ್ಕೆ ರಿಟೈರು. ಲೆಕ್ಕ ಅವನ ಮುಖದ ಮೇಲೆ ಹಾದುಹೋದದ್ದು ನನಗೆ ಕಂಡಿತು. ಸಂಬಳ ನಿಂತ ಮೇಲೂ ಮೂರೂವರೆ ವರ್ಷ ಮಿಕ್ಕುತ್ತದೆ ಈ ಸಾಲ.

ಮಾರನೆಯ ತಿಂಗಳೇ ಅವನು ಸಂಜೆ ಕೆಲಸ ಹಿಡಿದ. ಕಾರ್ಖಾನೆಯಿಂದ ಬಂದು ಕೈಕಾಲು ತೊಳೆದು, ಆರು ಗಂಟೆಗೆ ಒಂದು ಹೋಟೆಲಿನ ಗಲ್ಲಾದಲ್ಲಿ ಕೂರುವುದು. ಅಲ್ಲಿ ಬಂದ ದುಡ್ಡು ಪೂರ್ತಿ ಸಾಲಕ್ಕೆ, ಕಂತಿನ ಮೇಲೆ. ಮೊದಲ ಸಲ ಹಾಗೆ ಕಟ್ಟಲು ಹೋದಾಗ ನಾನೂ ಜೊತೆಗೆ ಹೋದೆ. ಕೌಂಟರಿನ ಹುಡುಗಿ ಕೇಳಿದಳು: “ಸರ್, ಹೆಚ್ಚಿಗೆ ಕಟ್ತಾ ಇದೀರಲ್ಲ, ಕಂತು ಕಮ್ಮಿ ಮಾಡೋದಾ, ವರ್ಷ ಕಮ್ಮಿ ಮಾಡೋದಾ?”

ಮಾದೇವ ಬಾಯಿ ತೆರೆಯುವ ಮೊದಲೇ ನಾನು ಮುಂದೆ ಹೋಗಿ, “ವರ್ಷ ಕಣಮ್ಮ, ವರ್ಷ! ಕಂತು ಕಮ್ಮಿಯಾದ್ರೆ ನನಗೇನು ಬಂತು? ವರ್ಷ ಕಮ್ಮಿಯಾದ್ರೆ ನಾನು ಕಣ್ಣಾರೆ ನೋಡ್ತೀನಿ!” ಎಂದುಬಿಟ್ಟೆ. ಸಾಲಿನಲ್ಲಿದ್ದವರೆಲ್ಲ ತಿರುಗಿ ನೋಡಿದರು. ನಾನು ಹೇಳಿದ್ದು ನನ್ನ ಸ್ವಾರ್ಥಕ್ಕೆ, ಆದರೆ ಲೆಕ್ಕಕ್ಕೂ ಅದೇ ಸರಿ ಎಂದು ಆಮೇಲೆ ಚೈತ್ರಾ ಹೇಳಿದಳು. ಮೇಲೆ ಕಟ್ಟುವ ದುಡ್ಡು ಮೊದಲನೇ ಪಂಕ್ತಿಗೆ ಹೋಗುವುದೇ ಇಲ್ಲವಂತೆ, ನೇರವಾಗಿ ಅಸಲಿನ ಎಲೆಗೆ ಬೀಳುತ್ತದಂತೆ.

ಹಾಗೆ ಬಿದ್ದು ಬಿದ್ದೇ ಐದು ವರ್ಷಕ್ಕೂ ಹೆಚ್ಚು ಉಳಿಯಿತು. ಆದರೆ ಉಳಿಸಿದ್ದು ಹೇಗೆ? ಊರಿನವರ ಊಟಕ್ಕೆಲ್ಲ ಬಿಲ್ಲು ಹರಿದು, ನನ್ನ ಮಗ ರಾತ್ರಿ ಬರುವಷ್ಟರಲ್ಲಿ ನಾವು ಮಲಗಿರುತ್ತಿದ್ದೆವು. ರತ್ನ ಹಾಟ್‌ಬಾಕ್ಸಿನಲ್ಲಿ ಇಟ್ಟದ್ದನ್ನು ಒಬ್ಬನೇ ಬಡಿಸಿಕೊಂಡು ತಿನ್ನುತ್ತಿದ್ದ. ಭಾನುವಾರ ಹೋಟೆಲಿಗೆ ಜನ ಹೆಚ್ಚು, ಇನ್ನೂ ಬೇಗ ಹೋಗಬೇಕು. ದಸರಾ ಬಂದರಂತೂ ಮುಗಿಯಿತು, ಊರಿಗೆಲ್ಲ ದೀಪ, ನಮ್ಮವನು ಗಲ್ಲಾದಲ್ಲಿ. ಬ್ಯಾಂಕಿನವರು ಕೊಟ್ಟ ಲೆಕ್ಕದಲ್ಲಿ ಬಡ್ಡಿಗೊಂದು ಸಾಲು ಇದೆ, ಅಸಲಿಗೊಂದು ಸಾಲು ಇದೆ. ನನ್ನ ಮಗನ ರಾತ್ರಿಯೂಟವನ್ನು ಯಾವ ಸಾಲಿನಲ್ಲಿ ಬರೆದಿದ್ದಾರೆಂದು ಚೈತ್ರಾಳನ್ನು ಒಮ್ಮೆ ಕೇಳಿದೆ. ಅವಳು ಅವತ್ತು ರಾತ್ರಿ ಅಪ್ಪ ಬರುವವರೆಗೂ ಓದುವ ನೆಪ ಮಾಡಿಕೊಂಡು ಎದ್ದಿದ್ದಳು.

ಇರಲಿ. ಸಂತೋಷದ ದಿನ, ಎಲ್ಲೆಲ್ಲೋ ಹೋಗಿಬಿಟ್ಟೆ.

ಹೋಟೆಲಿನವರಿಗೆ ನಿನ್ನೆಯೇ ಹೇಳಿ ಬಂದಿದ್ದಾನೆ. ಇವತ್ತು ಸಂಜೆ ಕಾರ್ಖಾನೆಯಿಂದ ಬಂದವನಿಗೆ ಏನು ಮಾಡಬೇಕೆಂದೇ ತೋಚಲಿಲ್ಲ. ಮಾಳಿಗೆ ಹತ್ತಿ ಬೆಟ್ಟ ನೋಡಿ ಬಂದ. ಟಿವಿ ಹಾಕಿದ, ಆರಿಸಿದ. ಆರು ಗಂಟೆಗೆ ಅಭ್ಯಾಸಬಲದಿಂದ ಚಪ್ಪಲಿ ಹಾಕಿಕೊಂಡುಬಿಟ್ಟ.

“ಎಲ್ಲಿಗ್ರೀ ಹೊರಟ್ರಿ?” ಎಂದಳು ರತ್ನ.

ಅವನು ಕಾಲನ್ನು ನೋಡಿಕೊಂಡು, “ಎಲ್ಲಿಗೂ ಇಲ್ಲ ಕಣೇ,” ಎಂದು ಚಪ್ಪಲಿ ಬಿಟ್ಟ. ಅವಳು ಅವರೆಕಾಯಿಯ ಮೊರವನ್ನು ಅವನ ಮುಂದಕ್ಕೆ ತಳ್ಳಿದಳು. ನಾಲ್ಕೂ ಜನ ಕೂತು ಕಾಳು ಬಿಡಿಸಿ, ಬಿಸಿನೀರಲ್ಲಿ ನೆನೆಹಾಕಿ, ಹಿತಕಿದೆವು. ಆಫೀಸಿನಿಂದ ಆಗಷ್ಟೇ ಬಂದ ಚೈತ್ರಾ ಹಿಚುಕಿದ ಬೇಳೆಯೆಲ್ಲ ಪಾತ್ರೆ ಬಿಟ್ಟು ಅಪ್ಪನ ಅಂಗಿಗೇ ಹಾರುತ್ತಿತ್ತು. ಬೇಕೆಂದೇ ಮಾಡುತ್ತಿದ್ದಳು ಎಂದು ನನಗೆ ಗುಮಾನಿ.

ಎಂಟು ಗಂಟೆಗೆ ನಡುಮನೆಯಲ್ಲಿ ಸಾಲಾಗಿ ಕೂತೆವು. ಹಿತಕಿದ ಬೇಳೆ ಸಾರಿನ ಘಮ ಗೌರಕ್ಕನ ಮನೆಗೂ ಹೋಗಿರಬೇಕು, ಕಿಟಕಿಯಿಂದ ಒಂದು ಸಲ ಇಣುಕಿದಳು. ಅವಳಿಗೂ ಒಂದು ಬಟ್ಟಲು ಹೋಯಿತು. ರತ್ನ ಒಲೆಯಿಂದಿಳಿಸಿದ ಮುದ್ದೆಯನ್ನು ತಟ್ಟೆಗೆ ಹಾಕಿದ್ದೇ ತಡ, ಮಾದೇವ ಕೈ ಹಾಕಿ, “ಅಯ್ಯಪ್ಪಾ!” ಎಂದು ಬೆರಳನ್ನು ಬಾಯಿಗಿಟ್ಟುಕೊಂಡ.

“ಬಿಸಿ ಮುದ್ದೆ ಎಂಗಿರುತ್ತೆ ಅನ್ನೋದೇ ಮರ್ತುಬುಟ್ಟಿದೀರಿ!” ಎಂದಳು ರತ್ನ. ಚೈತ್ರಾ ಬಿದ್ದು ಬಿದ್ದು ನಕ್ಕಳು. ಅವನೂ ಬೆರಳು ಊದಿಕೊಳ್ಳುತ್ತಲೇ ನಕ್ಕ. ಆಮೇಲೆ ಅಂಚಿನಿಂದ ಸ್ವಲ್ಪ ಸ್ವಲ್ಪವೇ ಮುರಿದು, ಸಾರಿನಲ್ಲಿ ಅದ್ದಿ ನುಂಗಿದ. ಮುಗಿಸಿ, ತಟ್ಟೆ ಮುಂದೆ ಮಾಡಿ, “ಇನ್ನೊಂದು ಹಾಕು,” ಎಂದ. ಯಾವ ಆತುರವೂ ಇರಲಿಲ್ಲ ಅವನಿಗೆ. ಗಡಿಯಾರದ ಕಡೆ ಒಂದು ಸಲವೂ ನೋಡಲಿಲ್ಲ.

ನಾನು ಅವನು ಉಣ್ಣುವುದನ್ನೇ ನೋಡುತ್ತಾ ಕೂತುಬಿಟ್ಟಿದ್ದೆ.

“ಉಣ್ಣವ್ವ,” ಎಂದ ಮಾದೇವ. “ನಿಂದು ಆರೋಗ್ತಾ ಇದೆ.”