ಭದ್ರಾವತಿಯಿಂದ ಮೂರು ಹೆಸರು

ಭದ್ರಾವತಿಯ ಹಳೇನಗರದ ಆ ಗಲ್ಲಿಯಲ್ಲಿ ರೇಡಿಯೊ ಇದ್ದದ್ದು ಒಂದೇ ಮನೆಯಲ್ಲಿ, ಲಾರಿ ಮೆಕ್ಯಾನಿಕ್ ದಸ್ತಗೀರನ ಮನೆಯಲ್ಲಿ. ಹೆಂಚಿನ ಮೇಲೆ ಎರಡು ಬಿದಿರಿನ ಕಂಬ ನಿಲ್ಲಿಸಿ, ನಡುವೆ ತಾಮ್ರದ ತಂತಿ ಎಳೆದಿದ್ದ. ತಂತಿಯ ಮೇಲೆ ಕಾಗೆ ಕೂತರೆ ಸಾಕು, ಅರ್ಧ ಊಟದಲ್ಲಿ ಎದ್ದು ಓಡಿಸಲು ಹೋಗುತ್ತಿದ್ದ.

ಶಾರ್ಟ್‌ವೇವ್ ಹುಚ್ಚು ಅಂದರೆ ಅಂಥಿಂಥ ಹುಚ್ಚಲ್ಲ. ಸಂಜೆ ಗ್ಯಾರೇಜಿನಿಂದ ಬಂದು ಕೈಯ ಗ್ರೀಸು ತೊಳೆದು ಪೆಟ್ಟಿಗೆಯ ಮುಂದೆ ಕೂತನೆಂದರೆ ಮುಗಿಯಿತು. ಬಿರಟೆಯನ್ನು ಕೂದಲೆಳೆಯಷ್ಟು ತಿರುಗಿಸುತ್ತ, ಗೊರಗೊರ ಸದ್ದಿನ ನಡುವೆ ಮಾಸ್ಕೋ, ಕೈರೋ, ಪೀಕಿಂಗ್ ಎಂದು ಹುಡುಕುವನು. ಭಾಷೆ ತಿಳಿಯುತ್ತಿತ್ತೇ? ಎಲ್ಲಿಂದ ಬಂತು!

“ಎಷ್ಟೋ ದೂರದೋರು ನಮ್ಮನೇಲಿ ಕೂತು ಮಾತಾಡ್ದಂಗಿದೆ, ನೋಡಕ್ಕ,” ಎಂದು ಎದುರುಮನೆಯ ಈಶ್ವರಮ್ಮನಿಗೆ ಹೇಳಿಕೊಂಡು ಹಿಗ್ಗುವನು.

“ಒಳಗಿರೋಳು ಮಾತಾಡಿದ್ದು ಕೇಳಿಸ್ತದಾ ಸಾಬ್ರೆ?” ಎಂದು ಆಕೆ ಚುಚ್ಚುತ್ತಿದ್ದಳು.

ಒಳಗಿದ್ದವಳು ನಸೀಬಾ, ಅವನ ಹೆಂಡತಿ. ಅವಳು ಊಟಕ್ಕೆ ಕರೆದರೂ “ಒಂದ್ನಿಮಿಷ”, ನೆಂಟರು ಬಂದರೆಂದರೂ “ಒಂದ್ನಿಮಿಷ”. ಒಂದು ಸಂಜೆ ನಾಲ್ಕು ವರ್ಷದ ಮಗಳು ಸಲೀಮಾಳ ಮೈ ಕೆಂಡವಾಗಿ, ಕಣ್ಣು ಮೇಲಕ್ಕೆ ಸಿಕ್ಕಿಕೊಂಡಿತು. ನಸೀಬಾ ಕೂಗಿಕೊಂಡಳು. ಆಗ ತಾನೇ ಯಾವುದೋ ಹೊಸ ಸ್ಟೇಷನ್ ತೇಲಿ ಬರುತ್ತಿತ್ತು. ಬಿರಟೆಯಿಂದ ಕೈ ತೆಗೆಯದೆ ಈ ಮಹಾನುಭಾವ ಅಂದದ್ದೂ ಅದೇ, “ಒಂದ್ನಿಮಿಷ ಇರು!” ಛೆ, ಏನು ಹೇಳುವುದು ಇಂಥವನಿಗೆ? ಅವನು ತಿರುಗಿ ನೋಡುವಷ್ಟರಲ್ಲಿ ಅವಳು ಮಗುವನ್ನು ಸೆರಗಿನಲ್ಲಿ ಸುತ್ತಿಕೊಂಡು ಜಟಕಾ ಹತ್ತಿಯಾಗಿತ್ತು.

ಮಗು ಉಳಿಯಿತು, ದೇವರು ದೊಡ್ಡವನು. ಆದರೆ ನಸೀಬಾ ಆಸ್ಪತ್ರೆಯಿಂದ ನೆಟ್ಟಗೆ ಶಿವಮೊಗ್ಗದ ತವರಿಗೆ ಹೋದಳು. ದಸ್ತಗೀರ ಹಿಂದೆಯೇ ಹೋದ. ಬಾಗಿಲಲ್ಲಿ ಅವಳ ಅಣ್ಣ, ಸೈಕಲ್ ಶಾಪಿನ ನಸರುಲ್ಲಾ ಅಡ್ಡ ನಿಂತ.

“ಅವಳು ಬರಲ್ಲ ಅಂತಾಳೆ ಭಾಯಿ. ನೀವು ಹೋಗಿ, ನಿಮ್ಮ ರೇಡಿಯೊ ಕಾಯ್ತಿರ್ತದೆ.”

ಒಳಗಿನಿಂದ ಮಗಳ ನಗು ಕೇಳಿಸಿತು. ಅವನು ಬಸ್ಸು ಹತ್ತಿ ವಾಪಸಾದ.

ಆಮೇಲಿನ ಸಂಜೆಗಳಲ್ಲಿ ಮಾಸ್ಕೋ ಸಿಕ್ಕಿದರೂ ಒಂದೇ, ಬಿಟ್ಟರೂ ಒಂದೇ. ಮನೆ ಬಿಕೋ ಎನ್ನುತ್ತಿತ್ತು. ದೂರದ ಬೆಟ್ಟ ನುಣ್ಣಗೆ ಎನ್ನುವುದು ಅವನಿಗೆ ಆಗ ಅರ್ಥವಾಯಿತು. ಒಂದು ದಿನ ಅವನಿಗೆ ಒಂದು ಉಪಾಯ ಹೊಳೆಯಿತು. ಸಿಲೋನ್ ರೇಡಿಯೊಗೆ ಕಾರ್ಡು ಬರೆದರೆ ಕೇಳಿದ ಹಿಂದಿ ಹಾಡು ಹಾಕುತ್ತಿದ್ದರು. ಹಾಡಿಗೆ ಮುಂಚೆ ಊರಿನ ಹೆಸರು, ಮನೆಯವರ ಹೆಸರು ಎಲ್ಲ ಓದುತ್ತಿದ್ದರು. ನಸರುಲ್ಲಾನ ಮನೆಯೆದುರಿನ ಹೋಟೆಲಿನಲ್ಲಿ ಸಿಲೋನ್ ದಿನವಿಡೀ ಒದರುತ್ತಿತ್ತು. ತನ್ನನ್ನು ಬಾಗಿಲಲ್ಲೇ ತಡೆಯಬಹುದು, ಹೋಟೆಲಿನ ರೇಡಿಯೊವನ್ನು ಯಾರು ತಡೆದಾರು? ಸಲೀಮಾ ಕುಣಿಯುತ್ತಿದ್ದ ಹಾಡನ್ನೇ ಕೇಳಿ ಕಾರ್ಡಿನ ಮೇಲೆ ಕಾರ್ಡು ಬರೆದ.

ಕೊನೆಗೂ ಒಂದು ಬೆಳಿಗ್ಗೆ ಬಂತು, “ಭದ್ರಾವತಿಯಿಂದ ದಸ್ತಗೀರ್, ನಸೀಬಾ ಮತ್ತು ಸಲೀಮಾ.” ಗಲ್ಲಿಗೆ ಗಲ್ಲಿಯೇ ಹೊರಗೆ ಬಂತು. ಸಮುದ್ರದಾಚೆಯ ಯಾರೋ ಪುಣ್ಯಾತ್ಮ ಮೂವರನ್ನೂ ಒಂದೇ ಉಸಿರಿನಲ್ಲಿ ಕರೆದಿದ್ದ. ಹಾಗೆ ಮೂವರೂ ಒಟ್ಟಿಗಿದ್ದದ್ದನ್ನು ಕೇಳಿ ದಸ್ತಗೀರನಿಗೆ ಅಳು ತಡೆಯಲಾಗಲಿಲ್ಲ. ಮಳೆಗಾಲ ಕಳೆಯುವುದರೊಳಗೆ ಇನ್ನೆರಡು ಸಲ ಓದಿದರು. ಪ್ರತಿ ಸಲವೂ ಅವನು ಮನೆ ಗುಡಿಸಿ, ಶಿವಮೊಗ್ಗದ ಬಸ್ಸು ಬರುವ ಹೊತ್ತಿಗೆ ಬಾಗಿಲಲ್ಲಿ ನಿಲ್ಲುತ್ತಿದ್ದ. ಗಲ್ಲಿಯ ತುದಿಯಲ್ಲಿ ಬಸ್ಸಿನಿಂದ ಯಾರ್ಯಾರೋ ಇಳಿಯುತ್ತಿದ್ದರು.

ಒಂದು ಭಾನುವಾರ ಅದೇ ಹಾಡಿನ ಸರದಿ ಬಂತು. ತನ್ನ ಕಾರ್ಡೇ ಇರಬೇಕೆಂದು ಈಶ್ವರಮ್ಮನನ್ನು ಕೂಗಿ ಕರೆದು, ಸದ್ದು ಪೂರ್ತಿ ಏರಿಸಿದ.

“ಶಿವಮೊಗ್ಗದಿಂದ ನಸರುಲ್ಲಾ, ನಸೀಬಾ ಮತ್ತು ಸಲೀಮಾ.”

ಅಷ್ಟೇ. ಹಾಡು ಶುರುವಾಯಿತು. ಇನ್ನೊಂದು ಹೆಸರು ಬಂದೀತೇನೋ ಎಂದು ದಸ್ತಗೀರ ಪೆಟ್ಟಿಗೆಗೆ ಕಿವಿ ಹಚ್ಚಿಯೇ ಇದ್ದ.

ಈಶ್ವರಮ್ಮ ಸೆರಗಿನ ತುದಿ ಹಿಂಡುತ್ತ, “ಬೇರೆ ಯಾರೋ ನಸೀಬಾ ಇರ್ಬೇಕು, ಬಿಡಿ ಸಾಬ್ರೆ,” ಎಂದಳು.

“ಸಲೀಮಾನೂ ಬೇರೆಯವಳಾ ಅಕ್ಕ? ಆ ಹಾಡೂ ಬೇರೆಯವರದ್ದಾ?” ಅವನು ರೇಡಿಯೊದ ಸದ್ದು ತಗ್ಗಿಸಿದ. “ನಾ ಕರೆದಿದ್ದು ಅವಳಿಗೆ ಕೇಳಿಸಿದೆ. ಕೇಳಿಸ್ಕೊಂಡೇ ಉತ್ತರ ಕೊಟ್ಟಿದಾಳೆ.”

ಆ ವಾರವೇ ಇನ್ನೊಂದು ಕಾರ್ಡು ಬರೆದ. ಅಂಚೆಪೆಟ್ಟಿಗೆಗೆ ಹಾಕಲು ಹೊರಟಾಗ ಈಶ್ವರಮ್ಮ ಇಣುಕಿ ನೋಡಿ, “ಯಾಕೆ ಮಾರಾಯ, ನಿನ್ನ ಹೆಸರೊಂದೇ ಇದೆ?” ಎಂದಳು. ಸಾಬ್ರೆ ಎನ್ನುವುದು ಆ ಗಳಿಗೆಯಲ್ಲಿ ಅವಳಿಗೆ ಮರೆತೇ ಹೋಗಿತ್ತು.

“ಬೇಡ ಅಂದೋಳ ಹೆಸರು ಊರಿಗೆಲ್ಲ ಕೂಗಿಸ್ಬಾರ್ದು ಅಕ್ಕ. ನಾನಿದೀನಿ ಅಂತ ಗೊತ್ತಿದ್ರೆ ಸಾಕು.”

ಅದನ್ನು ಓದಿದ್ದು ಚಳಿಗಾಲದಲ್ಲಿ. ಬೇರೆ ಬೇರೆ ಊರುಗಳ ಅಪ್ಪ, ಅಮ್ಮ, ಮಕ್ಕಳ ಉದ್ದುದ್ದ ಹೆಸರುಗಳ ನಡುವೆ ಒಂದು ಮಾತು ಬಂದು ಹೋಯಿತು, “ಭದ್ರಾವತಿಯಿಂದ ದಸ್ತಗೀರ್.” ಈ ಸಲ ಗಲ್ಲಿಯವರು ಯಾರೂ ಹೊರಗೆ ಬರಲಿಲ್ಲ. ಮಗಳು ಕುಣಿಯುತ್ತಿದ್ದ ಜಾಗವನ್ನೇ ನೋಡುತ್ತ ಅವನೊಬ್ಬನೇ ಕೂತಿದ್ದ.

“ಸಾಬ್ರೆ, ರೊಟ್ಟಿ ಆರ್ತಾ ಇದೆ, ಬನ್ನಿ,” ಎಂದು ಈಶ್ವರಮ್ಮ ಎದುರು ಜಗಲಿಯಿಂದ ಕರೆದಳು.

“ಬಂದೆ ಅಕ್ಕ.”

ಮೊದಲ ಕೂಗಿಗೇ ಎದ್ದ. ಹಾಡು ಇನ್ನೂ ಅರ್ಧ ಉಳಿದಿತ್ತು.